ಒಟೀಲಿಯಾ ಕಟ್ಟಿದ ಹಡಗು

ಒಟೀಲಿಯಾ ಫ್ರಗೋಜು ಸಿನಿಮಾಕ್ಕೆ ಬಂದದ್ದು ಒಂದು ಅಂಗಡಿಯ ಗಾಜಿನ ಕಿಟಕಿಯಿಂದ. ಲಿಸ್ಬನ್ನಿನ ಶಿಯಾದುವಿನಲ್ಲಿ ನಾವಿಬ್ಬರೂ ಒಂದೇ ಬಟ್ಟೆ ಅಂಗಡಿಯಲ್ಲಿದ್ದೆವು. ನಾನು ಒಳಗಡೆ ಹೊಲಿಗೆ ಯಂತ್ರದ ಮುಂದೆ. ಅವಳು ಬೀದಿಗೆ ಕಾಣುವ ಗಾಜಿನ ಹಿಂದೆ, ಬೊಂಬೆಗಳಿಗೆ ಉಡಿಸಿ ತೊಡಿಸಿ ನಿಲ್ಲಿಸುವ ಕೆಲಸದಲ್ಲಿ. ಸೆತೂಬಲ್ಲಿನಲ್ಲಿ ಮೀನನ್ನು ಎಣ್ಣೆಯಲ್ಲಿ ಡಬ್ಬಿಗೆ ತುಂಬುವ ಕಾರ್ಖಾನೆಯಲ್ಲಿ ಸಾರ್ಡಿನ್ ಮೀನಿನ ತಲೆ ಕತ್ತರಿಸುತ್ತಿದ್ದವಳ ಮಗಳು ಅವಳು. ಓದಿದ್ದು ಅಷ್ಟಕ್ಕಷ್ಟೆ. ಆದರೆ ಒಂದು ಕುರ್ಚಿಯನ್ನು ಯಾವ ಕಡೆಗೆ ತಿರುಗಿಸಿಟ್ಟರೆ ನೋಡಿದವರ ಎದೆಯಲ್ಲಿ ಏನಾಗುತ್ತದೆ ಎಂಬುದು ಅವಳಿಗೆ ಹುಟ್ಟಿನಿಂದಲೇ ಗೊತ್ತಿತ್ತು.

ಒಂದು ಚಳಿಗಾಲ ಕೋಟುಗಳ ಮಾರಾಟ ಶುರುವಾದಾಗ ಅವಳು ಬೊಂಬೆಗಳನ್ನೆಲ್ಲ ಎತ್ತಿ ಒಳಗಿಟ್ಟುಬಿಟ್ಟಳು. ಗಾಜಿನ ಹಿಂದೆ ಬರೀ ಒಂದು ಕುರ್ಚಿ, ಅದರ ಬೆನ್ನಿಗೆ ಎಸೆದಂತಿದ್ದ ಒಂದು ಕೆಂಪು ಕೋಟು, ಪಕ್ಕದಲ್ಲಿ ನೀರು ತೊಟ್ಟಿಕ್ಕುವ ಕೊಡೆ. ಅಷ್ಟೆ. ಮಾಲೀಕರು ಹೌಹಾರಿ ಬಂದರು.

“ಬೊಂಬೆ ಎಲ್ಲಮ್ಮ?”

“ಒಳಗೆ ಹೋಗಿದ್ದಾಳೆ ಸೆನ್ಯೋರ್. ಈಗ ಬರ್ತಾಳೆ.”

“ಯಾರು ಬರ್ತಾಳೆ? ಏನು ಹೇಳ್ತಿದೀಯ?”

“ನೋಡಿ, ಬೀದೀಲಿರೋರೂ ಅದನ್ನೇ ಕಾಯ್ತಿದಾರೆ.”

ನಿಜಕ್ಕೂ ಜನ ನಿಂತಿದ್ದರು. ಯಾರೋ ಈಗಷ್ಟೇ ಎದ್ದು ಹೋದಂತಿದ್ದ ಆ ಕುರ್ಚಿಯನ್ನೇ ನೋಡುತ್ತ, ಅವಳು ಮತ್ತೆ ಬರುವುದನ್ನು ಕಾಯುತ್ತಿದ್ದರು. ಹಾಗೆ ನಿಂತವರಲ್ಲಿ ಒಬ್ಬ ಬಲ್ತಜಾರ್ ಕಿಂತೇಲಾ. ಆಗಿನ್ನೂ ಒಂದೇ ಚಿತ್ರ ಮಾಡಿದ್ದ ಯುವ ನಿರ್ದೇಶಕ. ಉದ್ದ ಕೂದಲು, ಅದಕ್ಕಿಂತ ಉದ್ದದ ಮಾತು. ಒಳಗೆ ಬಂದು, ಇದನ್ನು ಮಾಡಿದವರು ಯಾರು ಎಂದು ಕೇಳಿದ. ಮುಂದಿನ ವಾರವೇ ಒಟೀಲಿಯಾ ಅವನ ಚಿತ್ರಕ್ಕೆ ಕಲಾ ನಿರ್ದೇಶಕಿಯಾದಳು. “ನಾನೊಬ್ಳೇ ಬರಲ್ಲ, ಬಟ್ಟೆ ಹೊಲಿಯೋಕೆ ಇದಾಲೀನಾನೂ ಬೇಕು” ಎಂದು ನನ್ನನ್ನೂ ಎಳೆದುಕೊಂಡು ಹೋದಳು. ಇವತ್ತಿಗೂ ಎಳೆಯುತ್ತಲೇ ಇದ್ದಾಳೆ.

ನಾನು ಹೇಳಹೊರಟದ್ದು ಅವಳು ನಿರ್ಮಾಪಕಿಯಾದ ಕತೆ. ಅದು ಆದದ್ದು ನಮ್ಮಲ್ಲಿ ಸರ್ವಾಧಿಕಾರ ಉರುಳಿಸಿದ ಕ್ರಾಂತಿ ಮುಗಿದು ಮೂರ್ನಾಲ್ಕು ವರ್ಷಕ್ಕೆ, ಗಫಾನ್ಯ ಎಂಬ ಮೀನುಗಾರರ ಊರಿನಲ್ಲಿ.

ಗಫಾನ್ಯದ ಗಂಡಸರು ಬಕಲ್ಯಾವು ಮೀನು ಹಿಡಿಯಲು ಅರ್ಧ ವರ್ಷ ಗ್ರೀನ್‌ಲ್ಯಾಂಡಿನ ಕಡಲಿಗೆ ಹೋಗುತ್ತಿದ್ದ ಕಾಲದ ಕತೆಯನ್ನು ಬಲ್ತಜಾರ್ ಬರೆದಿದ್ದ. ಗಂಡಸರ ಕತೆಯಲ್ಲ, ದಡದಲ್ಲಿ ಉಳಿದ ಹೆಂಗಸರದು. ಚಿತ್ರದ ಜೀವವೆಲ್ಲ ಒಂದೇ ದೃಶ್ಯದಲ್ಲಿತ್ತು: ಹಾಯಿಹಡಗು ಬಂದರಿನ ಕಟ್ಟೆ ಬಿಟ್ಟು ಹೊರಡುವುದು, ಹೆಂಗಸರು ನಿಂತು ನೋಡುವುದು. ನಿರ್ಮಾಪಕ ಸೆನ್ಯೋರ್ ಲೆಮೂಸ್, ಊರಿನ ಹಿನ್ನೀರಿನ ಲಗೂನಿನಲ್ಲಿ ಹಳೆಯ ಹಾಯಿಹಡಗೊಂದು ನಿಂತಿದೆ, ಮಾತಾಡಿದ್ದೇನೆ, ನಿಮಗೇ ಬಿಟ್ಟಿದ್ದು ಎಂದಿದ್ದರು. ನಾವು ಹೋಗಿ ನೋಡಿದರೆ ಹಡಗಿದ್ದ ಜಾಗದಲ್ಲಿ ಎಣ್ಣೆ ಕಲೆ ತೇಲುತ್ತಿತ್ತು. ಅದನ್ನು ಒಡೆಯಲು ಕೊಟ್ಟು ಹದಿನೈದು ದಿನ ಆಗಿತ್ತಂತೆ.

“ಕಡಲತೀರದಲ್ಲಿ ಹಡಗಿಗೆ ಬರವಾ? ಇನ್ನೊಂದು ತರ್ತೀನಿ” ಎಂದರು ಲೆಮೂಸ್. ತರಲಿಲ್ಲ.

ಹಡಗಿನ ಗತಿ ಹಾಗಾದರೆ ಊರಿನದು ಇನ್ನೊಂದು ಬಗೆ. ಹಳೆಯ ಮನೆಗಳ ಒಳಗೆ ಚಿತ್ರೀಕರಣ ಆಗಬೇಕಿತ್ತು, ಒಬ್ಬರೂ ಬಾಗಿಲು ತೆಗೆಯಲಿಲ್ಲ. ಮೀನು ಒಣಗಿಸುವ ಬಯಲಿನ ಹೆಂಗಸರಿಗೆಲ್ಲ ಯಜಮಾನಿಯಂತಿದ್ದವಳು ಎತೆಲ್ವೀನಾ, ಊರಿಗೆಲ್ಲ ಅತ್ತೆ. ಗ್ರೀನ್‌ಲ್ಯಾಂಡಿನ ಮಂಜಿನಲ್ಲಿ, ಪುಟ್ಟ ದೋಣಿಯಲ್ಲಿ ಗಾಳ ಹಾಕಲು ಹೋದ ಅವಳ ಗಂಡ ಹಿಂದಿರುಗಿರಲಿಲ್ಲ. ಅಂದಿನಿಂದ ಮೈಮೇಲೆ ಕಪ್ಪು ಬಟ್ಟೆಯೇ. ಬಲ್ತಜಾರ್ ಅವಳ ಮುಂದೆ ನಿಂತು ಕಲೆ, ಜನತೆ, ನೆನಪು ಎಂದು ಬಹಳ ಹೊತ್ತು ಮಾತಾಡಿದ. ಅತ್ತೆ ಸೊಂಟದ ಮೇಲೆ ಕೈಯಿಟ್ಟು ಪೂರಾ ಕೇಳಿದಳು.

“ಆಯ್ತಾ ಮಗಾ? ಈಗ ಕೇಳು. ಇಲ್ಲಿ ಒಣಮೀನು ಸಿಗ್ತದೆ, ಉಪ್ಪು ಸಿಗ್ತದೆ. ಬೇಕಾದ್ರೆ ತಗೊಂಡು ಹೋಗು. ಕಣ್ಣೀರು ಮಾರಾಟಕ್ಕಿಲ್ಲ.”

ಬಲ್ತಜಾರ್ ಮುಖ ಗಂಟಿಕ್ಕಿಕೊಂಡು ಬಂದ. ಮಾರನೆಯ ಬೆಳಿಗ್ಗೆ ಒಟೀಲಿಯಾ ಸೊಂಟಕ್ಕೆ ಏಪ್ರನ್ ಬಿಗಿದು, ತಲೆಗೆ ವಸ್ತ್ರ ಕಟ್ಟಿ, ಒಣಗಿಸುವ ಬಯಲಿಗೆ ಹೋಗಿ ಹೆಂಗಸರ ಸಾಲಿನಲ್ಲಿ ನಿಂತುಬಿಟ್ಟಳು. ಮೀನಿನ ಹೋಳುಗಳನ್ನು ಅಟ್ಟಣೆಯ ಮೇಲೆ ಹರವತೊಡಗಿದಳು. ಅವಳ ಪಳಗಿದ ಕೈ ನೋಡಿ ಅತ್ತೆ ಹತ್ತಿರ ಬಂದಳು.

“ಯಾರ ಮಗಳೇ ನೀನು?”

“ಸೆತೂಬಲ್ಲಿನವಳು ಅತ್ತೆ. ನಮ್ಮಮ್ಮ ಸಾರ್ಡಿನ್ ಕಾರ್ಖಾನೇಲಿದ್ಳು.”

“ಸಾರ್ಡಿನ್ನಾ? ಅದೂ ಒಂದು ಮೀನೇನೇ! ನಮ್ಮ ಬಕಲ್ಯಾವು ಅದನ್ನ ಬೆಳಿಗ್ಗೆ ತಿಂಡಿಗೆ ತಿನ್ನತ್ತೆ.”

“ತಿಂದ್ರೂ ತಿನ್ಲಿ. ಸತ್ತ ಮೇಲೆ ನಿಮ್ಮ ಮೀನು ಹಲಗೆ ಥರ ಆಗತ್ತೆ, ನಮ್ಮ ಮೀನು ಎಣ್ಣೇಲಿ ಈಜ್ತಾ ಇರತ್ತೆ.”

ಬಯಲಿಗೆ ಬಯಲೇ ನಕ್ಕಿತು. ಆ ವಾರ ಮುಗಿಯುವಷ್ಟರಲ್ಲಿ ಊರಿನ ಬಾಗಿಲುಗಳು ಒಂದೊಂದಾಗಿ ತೆರೆದವು. ಯಾರದೋ ಮದುವೆಯ ಪೆಟ್ಟಿಗೆ, ಇನ್ನಾರದೋ ಅಜ್ಜಿಯ ದೀಪ, ಮಾತೆ ಮರಿಯಳ ಹಳೆಯ ಪಟ, ಎಲ್ಲವೂ ನೋಡಲು ತಾವಾಗಿಯೇ ಸಿಕ್ಕವು. ಒಟೀಲಿಯಾ ಯಾವುದನ್ನೂ ಇದ್ದ ಮನೆಯಿಂದ ಕದಲಿಸಲಿಲ್ಲ. “ಅದರ ಜಾಗ ಅದಕ್ಕೆ ಗೊತ್ತು” ಎನ್ನುತ್ತಿದ್ದಳು. ಬರೀ ಕಿಟಕಿಯ ಪರದೆ ಸರಿಸುವಳು, ಮೇಜನ್ನು ಎರಡು ಬೆರಳು ಈಚೆಗೆ ಎಳೆಯುವಳು. ಮನೆ ನಲವತ್ತು ವರ್ಷ ಹಿಂದಕ್ಕೆ ಹೋಗಿಬಿಡುತ್ತಿತ್ತು.

ಹಡಗಿನ ತೊಡಕು ಮಾತ್ರ ಹಾಗೇ ಉಳಿದಿತ್ತು. ಕೊನೆಗೆ ಅವಳು, ಬಡಗಿ ಒನೊರಾತು, ಅವನ ಜೊತೆಗಾರರು ಸೇರಿ ಹಡಗಿನ ಒಂದು ಪಕ್ಕೆಯನ್ನೇ ಕಟ್ಟೆಯ ಅಂಚಿನಲ್ಲಿ ಕಟ್ಟಿ ನಿಲ್ಲಿಸಿದರು. ಹಲಗೆ, ಡಾಂಬರು, ಹಳೆಯ ಹಗ್ಗ. ದೂರದಿಂದ ನೋಡಿದ ಒಬ್ಬ ಮುದುಕ ಟೋಪಿ ತೆಗೆದು ನಿಂತದ್ದನ್ನು ನಾನೇ ಕಂಡೆ. ಆದರೆ ಚಿತ್ರೀಕರಣದ ಹಿಂದಿನ ದಿನ ಉತ್ತರದ ಗಾಳಿ ಎದ್ದಿತು. ಬೆಳಗಾಗಿ ನೋಡಿದರೆ ಪಕ್ಕೆ ಮುರಿದು ಬಹುಪಾಲು ಹಲಗೆಗಳು ಲಗೂನಿನ ತುಂಬ ತೇಲುತ್ತಿದ್ದವು. ಒನೊರಾತು ತಲೆಯ ಮೇಲೆ ಕೈಹೊತ್ತು ಕೂತ.

ಲೆಮೂಸ್ ಕಾರಿನಲ್ಲಿ ಬಂದರು. ಕಾರಿನಿಂದ ಇಳಿಯದೆ ಗಾಜು ಇಳಿಸಿ ನೋಡಿದರು. “ಲಿಸ್ಬನ್‌ಗೆ ಹೋಗಿ ಏನಾದ್ರೂ ವ್ಯವಸ್ಥೆ ಮಾಡ್ತೀನಿ” ಎಂದು ಹೊರಟರು. ಮೂರನೆಯ ದಿನ ತಂತಿ ಬಂತು: ಕೆಲಸ ನಿಲ್ಲಿಸಿ, ಚಿತ್ರ ಕೈಬಿಟ್ಟಿದೆ.

ಊಟದ ಕೋಣೆಯಲ್ಲಿ ಬಲ್ತಜಾರ್ ಅದನ್ನು ಓದಿ ಮೇಜಿನ ಮೇಲಿಟ್ಟ. “ಮುಗೀತು. ಹಡಗಿಲ್ದೆ ಈ ಚಿತ್ರ ಇಲ್ಲ. ನಾನೇನು ಮಾಡ್ಲಿ, ಕಾಗದದ ದೋಣಿ ಬಿಡ್ಲಾ?”

ಒಟೀಲಿಯಾ ಎದ್ದು ಹೊರಗೆ ನಡೆದಳು. ನಾನೂ ಹಿಂದೆ ಹೋದೆ.

ಕಟ್ಟೆಯ ಮೇಲೆ ಎತೆಲ್ವೀನಾ ಅತ್ತೆ ಒಬ್ಬಳೇ ನಿಂತಿದ್ದಳು. ಗಾಳಿಗೆ ಜಗ್ಗದೆ ಉಳಿದಿದ್ದ ಒಂದಿಷ್ಟು ಹಲಗೆಗಳ ನೆರಳು ಅವಳ ಮೇಲೆ ಬಿದ್ದಿತ್ತು. ನಮ್ಮನ್ನು ನೋಡಿ, ಕೇಳದಿದ್ದರೂ ಹೇಳತೊಡಗಿದಳು.

“ಹೀಗೇ ಇರ್ತಿತ್ತು ಕಣ್ರೇ. ಹಡಗು ನಿಂತಿದ್ರೆ ಗೋಡೆ ಥರ. ನಾವೆಲ್ಲ ಅದರ ನೆರಳಲ್ಲಿ ನಡುಗ್ತಾ ನಿಂತಿರ್ತಿದ್ವಿ. ಕಣ್ಣೀರು ಬಂದು ಹಡಗು ಹೊರಟಿದ್ದೂ ಕಾಣ್ತಿರ್ಲಿಲ್ಲ. ತಟ್ ಅಂತ ಮುಖಕ್ಕೆ ಬಿಸಿಲು ಹೊಡೀತಿತ್ತು ನೋಡು, ಆಗ ಗೊತ್ತಾಗೋದು, ಹೋಯ್ತು ಅಂತ. ಅಂಥ ಬಿಸಿಲು ನಂಗೆ ಇವತ್ತಿಗೂ ಬೇಡ.”

ಒಟೀಲಿಯಾ ಹತ್ತಿರ ಹೋಗಿ ಅವಳ ಎರಡೂ ಕೆನ್ನೆಗೆ ಮುತ್ತಿಟ್ಟು, ನನ್ನ ಕೈ ಹಿಡಿದು ಓಡುತ್ತಲೇ ಹಿಂದೆ ಬಂದಳು.

“ಬಲ್ತಜಾರ್, ನಂಗೆ ಹಡಗು ಬೇಡ. ಅದರ ನೆರಳು ಸಾಕು.”

“ತಲೆ ಕೆಟ್ಟಿದ್ಯಾ?”

“ಉಪ್ಪು ಸಾಗಿಸೋ ದೋಣಿ ಒಂದು ಸಿಕ್ಕತ್ತೆ. ಅದರ ಮೇಲೆ ಎರಡು ಕಂಬ, ಹಗ್ಗ, ಹಡಗಿನ ಪಕ್ಕೆಯಷ್ಟು ಎತ್ತರಕ್ಕೆ ಹಾಯಿಬಟ್ಟೆ. ಬೆಳಗಿನ ಸೂರ್ಯ ದೋಣಿ ಹಿಂದೆ. ಕ್ಯಾಮೆರಾ ಹಡಗನ್ನ ನೋಡೋದೇ ಇಲ್ಲ, ಹೆಂಗಸರನ್ನ ನೋಡತ್ತೆ. ಅವರ ಮುಖದ ಮೇಲೆ ಕಂಬದ ನೆರಳು, ಹಗ್ಗದ ನೆರಳು. ದೋಣೀನ ಎಳೆದ ಹಾಗೆ ನೆರಳು ಸರಿಯತ್ತೆ. ಕೊನೇಲಿ ಬಿಸಿಲು ಬೀಳತ್ತೆ. ಅಷ್ಟೆ. ಹಡಗು ಹೋಯ್ತು.”

ಬಲ್ತಜಾರ್ ತಲೆ ಅಲ್ಲಾಡಿಸಿದ. “ಇದು ಬೊಂಬೆಯಾಟ. ಅಲ್ಲದೆ ನಿರ್ಮಾಪಕನೇ ಇಲ್ಲ. ಯಾರ ಹೆಸರಲ್ಲಿ ಮಾಡ್ತೀಯ?”

“ನನ್ನ ಹೆಸರಲ್ಲಿ.”

ಇಷ್ಟು ಸಣ್ಣ ಮಾತಿನಲ್ಲಿ ಅವಳು ನಿರ್ಮಾಪಕಿಯಾದಳು. ಆವೇರೂ ಪಟ್ಟಣಕ್ಕೆ ಹೋಗುವ ಮಧ್ಯಾಹ್ನದ ಬಸ್ಸು ಎಷ್ಟು ಹೊತ್ತಿಗೆ ಎಂದು ಎಲ್ಲರಿಗೂ ಹೇಳಿದಳು. “ಹೋಗೋರ ಮೇಲೆ ನಂಗೆ ಸಿಟ್ಟಿಲ್ಲ. ಇರೋರಿಗೆ ಊಟ ಇದೆ. ಬೇರೆ ಏನಿದೆ ಅಂತ ಈಗ ಹೇಳಿದ್ರೆ ಸುಳ್ಳಾಗತ್ತೆ.” ಕೆಲವರು ಹೋದರು. ಹೆಚ್ಚಿನವರು ಉಳಿದರು. ಬಲ್ತಜಾರ್ ಬಸ್ಸಿನ ತನಕ ಹೋಗಿ, ಪೆಟ್ಟಿಗೆ ಹಿಡಿದುಕೊಂಡೇ ವಾಪಸು ಬಂದ.

ಊಟದ ಜವಾಬ್ದಾರಿಯನ್ನು ಬಯಲಿನ ಹೆಂಗಸರು ಹೊತ್ತುಕೊಂಡರು. ಅದಕ್ಕೆ ಪ್ರತಿಯಾಗಿ ಒಟೀಲಿಯಾ ಒಂದು ಮಾತು ಕೊಟ್ಟಳು: ಚಿತ್ರ ಎಲ್ಲಕ್ಕಿಂತ ಮೊದಲು ಗಫಾನ್ಯದಲ್ಲೇ ತೋರಿಸುತ್ತೇನೆ, ನಿಮ್ಮ ನಂತರವೇ ಲಿಸ್ಬನ್.

ನಾನು ಹಾಯಿಬಟ್ಟೆ ಹೊಲಿದೆ. ಸೂಜಿ ಬೆರಳಿಗಿಂತ ಉದ್ದ. ಅಂಗೈಗೆ ಚರ್ಮದ ಪಟ್ಟಿ ಕಟ್ಟಿಕೊಂಡು ತಳ್ಳಬೇಕು. ಒನೊರಾತು ಉಪ್ಪಿನ ದೋಣಿಗೆ ಕಂಬ ನೆಟ್ಟ. ಎಲ್ಲ ಸಿದ್ಧವಾದ ದಿನ ಮಂಜು ಇಳಿಯಿತು. ಬೆಳಿಗ್ಗೆ ಎದ್ದರೆ ಎದುರಿನವರ ಮೂಗೂ ಕಾಣದಂಥ ಮಂಜು. ಸೂರ್ಯನಿಲ್ಲದೆ ನೆರಳೆಲ್ಲಿಯದು?

ಅದೇ ಮಂಜಿನಲ್ಲಿ ಒಂದು ವ್ಯಾನು ಬಂತು. ಚಾಲಕನ ಹೆಸರು ಅದೆಲೀನು. ಲೆಮೂಸ್ ಕಳಿಸಿದ್ದರು, ಕ್ಯಾಮೆರಾ ಅವರ ಕಂಪನಿಯದು, ತಕ್ಷಣ ತರಬೇಕು ಎಂದು ಅಪ್ಪಣೆ. ಬಲ್ತಜಾರ್ ಕೂಗಾಡತೊಡಗಿದ. ಒಟೀಲಿಯಾ ಅವನನ್ನು ಪಕ್ಕಕ್ಕೆ ಸರಿಸಿದಳು.

“ಕ್ಯಾಮೆರಾ ಕೊಡ್ತೀನಪ್ಪ. ಅದು ನಿಮ್ದೇ. ಕೆಲಸ ಮುಗಿಸಿದ ತಕ್ಷಣ ನಾನೇ ಎತ್ತಿ ವ್ಯಾನಲ್ಲಿ ಇಡ್ತೀನಿ.”

“ಇವತ್ತೇ ತಗೊಂಡು ಬಾ ಅಂದಿದಾರೆ ಸೆನ್ಯೋರಾ.”

“ಈ ಮಂಜಲ್ಲಿ ಹೇಗೆ ಓಡಿಸ್ತೀಯ? ಏನಾದ್ರೂ ತಿಂದಿದೀಯಾ?”

ಅದೆಲೀನು ತಿಂದಿರಲಿಲ್ಲ. ಎತೆಲ್ವೀನಾ ಅತ್ತೆ ಅವನ ಮುಂದೆ ಹಾವುಮೀನಿನ ಸಾರು, ಮೆಕ್ಕೆಜೋಳದ ರೊಟ್ಟಿ ಇಟ್ಟಳು. ಅವನು ತಟ್ಟೆ ಖಾಲಿ ಮಾಡಿದ ಹಾಗೆಲ್ಲ ಮತ್ತೆ ಬಡಿಸಿದಳು.

“ಸಾಕು ಅತ್ತೆ, ಕ್ಯಾಮೆರಾ ತಗೊಂಡು ಹೋಗ್ಬೇಕು.”

“ಹೋಗುವಿಯಂತೆ. ಕ್ಯಾಮೆರಾಕ್ಕೇನು ಕಾಲಿದ್ಯಾ ಓಡಿಹೋಗೋಕೆ? ನಿಮ್ಮಮ್ಮ ನಿಂಗೆ ಊಟ ಹಾಕಲ್ವೇನೋ, ಕೆನ್ನೆ ಹೆಂಗೆ ಒಳಗೆ ಹೋಗಿದೆ ನೋಡು!”

ಮಂಜು ಬಿಡಲಿಲ್ಲ, ಅದೆಲೀನುವೂ ಹೋಗಲಿಲ್ಲ. ದಿನಾ ಹೋಗಬೇಕು ಎನ್ನುತ್ತಿದ್ದ, ದಿನಾ ಸಾರು ಕುಡಿದು ಒನೊರಾತುಗೆ ಹಗ್ಗ ಬಿಗಿಯಲು ಕೈಹಾಕುತ್ತಿದ್ದ. ಆ ವಾರದ ಕೊನೆಗೊಂದು ಬೆಳಿಗ್ಗೆ ಬಾಗಿಲು ತೆರೆದರೆ ಆಕಾಶ ತೊಳೆದಿಟ್ಟ ತಟ್ಟೆಯಂತಿತ್ತು.

ಹೆಂಗಸರು ನಾನು ಹೊಲಿದ ಹಳೆಯ ಕಾಲದ ಉಡುಪಿನಲ್ಲಿ ಬಂದು ಕಟ್ಟೆಯ ಮೇಲೆ ನಿಂತರು. ಕ್ಯಾಮೆರಾದ ಮುಂದೆ ಬರುವುದೇ ಇಲ್ಲ ಎಂದಿದ್ದ ಎತೆಲ್ವೀನಾ ಅತ್ತೆ ಎಲ್ಲರಿಗಿಂತ ಮೊದಲೇ ಬಂದು, ಯಾರೂ ಹೇಳದೆ, ತನ್ನ ಜಾಗದಲ್ಲಿ ನಿಂತಿದ್ದಳು. ತನ್ನದೇ ಕಪ್ಪು ಬಟ್ಟೆಯಲ್ಲಿ. ನಾನು ಬದಲಿಸಿ ಎನ್ನಲಿಲ್ಲ.

ಸೂರ್ಯ ಎದ್ದ. ಕಂಬಗಳ, ಹಗ್ಗಗಳ ನೆರಳು ಹೆಂಗಸರ ಮೇಲೆ, ಅವರ ಹಿಂದಿನ ಉಪ್ಪಿನ ಗೋದಾಮಿನ ಬಿಳಿ ಗೋಡೆಯ ಮೇಲೆ ಬಿತ್ತು. ಅಲ್ಲೊಂದು ಹಡಗು ನಿಂತಿತ್ತು. ನಾನು ಅದರ ಹಾಯಿ ಹೊಲಿದವಳು, ಅದು ಬರೀ ದೋಣಿ ಎಂದು ಬಲ್ಲವಳು. ಆದರೂ ಒಂದು ಹೆಜ್ಜೆ ಹಿಂದೆ ಸರಿದೆ. ಬಲ್ತಜಾರ್ ಕೈಯೆತ್ತಿದ. ಪಕ್ಕದ ದಂಡೆಯಿಂದ ಒನೊರಾತು, ಅದೆಲೀನು, ಉಳಿದವರೆಲ್ಲ ಹಗ್ಗ ಹಿಡಿದು ಎಳೆದರು. ಒಟೀಲಿಯಾ ಎಲ್ಲರ ಮುಂದೆ, ಮೊಣಕಾಲುದ್ದ ನೀರಿನಲ್ಲಿ ನಿಂತು, ಹಗ್ಗವನ್ನು ಹೆಗಲಿಗೆ ಹಾಕಿಕೊಂಡು ಎಳೆಯುತ್ತಿದ್ದಳು.

ನೆರಳು ಮುಖದಿಂದ ಮುಖಕ್ಕೆ ಸರಿಯಿತು. ಕಂಬ ಹೋಯಿತು, ಹಗ್ಗಗಳು ಹೋದವು. ಒಬ್ಬೊಬ್ಬರ ಮೇಲೆ ಬಿಸಿಲು ಬಿದ್ದಿತು. ಯಾರೂ ಅಳಲಿಲ್ಲ. ಎತೆಲ್ವೀನಾ ಅತ್ತೆ ಬೆಳಕಿಗೆ ಕಣ್ಣು ಕಿರಿದು ಮಾಡಿ, ತಲೆವಸ್ತ್ರದ ಗಂಟನ್ನು ಗದ್ದದ ಕೆಳಗೆ ಇನ್ನಷ್ಟು ಬಿಗಿದಳು. ಬಲ್ತಜಾರ್ ಸಾಕು ಎನ್ನುವುದನ್ನೇ ಮರೆತ. ಫಿಲ್ಮು ತೀರಿದ ಮೇಲೆ ಕ್ಯಾಮೆರಾ ತಾನಾಗಿ ನಿಂತಿತು.

ಅವತ್ತು ಮಧ್ಯಾಹ್ನ ಒಟೀಲಿಯಾ ಕ್ಯಾಮೆರಾವನ್ನು ತಾನೇ ಎತ್ತಿ ವ್ಯಾನಿನಲ್ಲಿಟ್ಟಳು. ಅದೆಲೀನು ತಲೆ ಕೆರೆದುಕೊಂಡ. “ಲೆಮೂಸ್‌ಗೆ ಏನಂತ ಹೇಳ್ಲಿ ಸೆನ್ಯೋರಾ?”

“ಮಂಜಿತ್ತು ಅನ್ನು. ನಿಜಾನೇ ಅಲ್ವಾ?”

ಚಿತ್ರ ಮುಗಿಸಿ ಜೋಡಿಸಲು ಅವಳು ಪಟ್ಟ ಪಾಡು ಇನ್ನೊಂದು ಕತೆ. ಕಚೇರಿಗಳ ಬಾಗಿಲಲ್ಲಿ ಅಷ್ಟು ಕಾದವರನ್ನು ನಾನು ನೋಡಿಲ್ಲ. ಎಲ್ಲ ಸಿದ್ಧವಾದಾಗ ಲಿಸ್ಬನ್ನಿನ ವಿತರಕರು ದೊಡ್ಡ ಚಿತ್ರಮಂದಿರ, ಗಣ್ಯರು, ಪತ್ರಿಕೆಯವರು ಎಂದೆಲ್ಲ ಹೇಳಿದರು. ಅವಳು, “ಮೊದಲು ಗಫಾನ್ಯ” ಎಂದಳು. ಅವರು ಸಿಟ್ಟಾದರು, ಬಿಟ್ಟುಬಿಡುತ್ತೇವೆ ಎಂದು ಹೆದರಿಸಿದರು. “ಬಿಡಿ” ಎಂದಳು. ಅವರು ಬಿಡಲಿಲ್ಲ.

ಗಫಾನ್ಯದ ಅಗ್ನಿಶಾಮಕ ಸ್ವಯಂಸೇವಕರ ಸಭಾಂಗಣದಲ್ಲಿ ಬಿಳಿ ಬಟ್ಟೆ ಕಟ್ಟಿ ತೋರಿಸಿದೆವು. ಮನೆಯಿಂದ ಕುರ್ಚಿ ಹೊತ್ತು ತಂದು ಜನ ಕೂತರು. ಆ ದೃಶ್ಯ ಬಂತು. ತೆರೆಯ ಮೇಲೆ ನೆರಳು ಸರಿದು ಬೆಳಕು ಹೊಡೆದಾಗ ಮುಂದಿನ ಸಾಲಿನ ಮುದುಕಿಯರು, ಕತ್ತಲ ಕೋಣೆಯಲ್ಲಿ, ಬಿಸಿಲು ತಡೆಯುವಂತೆ ಹುಬ್ಬಿಗೆ ಕೈ ಅಡ್ಡ ಹಿಡಿದರು. ನಾನು ಕಣ್ಣಾರೆ ಕಂಡೆ.

ಮುಗಿದು ದೀಪ ಹತ್ತಿತು. ಮೊದಲು ಕೇಳಿಸಿದ್ದು ಎತೆಲ್ವೀನಾ ಅತ್ತೆಯ ದನಿ.

“ನಾನು ಇಷ್ಟು ಮುದುಕಿ ಆಗಿದೀನಿ ಅಂತ ಒಬ್ರಾದ್ರೂ ಹೇಳಿದ್ರೇನ್ರೇ!”

ಸಭೆ ನಕ್ಕು ಅತ್ತು ಒಂದಾಯಿತು. ಅತ್ತೆ ನಿಧಾನಕ್ಕೆ ಎದ್ದು ಒಟೀಲಿಯಾಳ ಹತ್ತಿರ ಬಂದು ಅವಳ ಕೈ ಹಿಡಿದಳು.

“ಹಡಗು ಹೊರಟ ಮೇಲೆ ನನ್ನ ಮುಖ ಹೆಂಗಿತ್ತು ಅಂತ ನನ್ನ ಗಂಡ ನೋಡ್ಲೇ ಇಲ್ಲ ಕಣೇ. ಇವತ್ತು ಇಷ್ಟು ಜನ ನೋಡಿದ್ರು. ಸಾಕು.”

ಚಿತ್ರ ಹೊರದೇಶದ ಉತ್ಸವವೊಂದಕ್ಕೆ ಹೋಗಿ ಬಹುಮಾನ ತಂದಿತು. ಪತ್ರಿಕೆಯವರು ನೆರಳಿನ ದೃಶ್ಯದ ಬಗ್ಗೆ ಕೇಳಿದಾಗ ಬಲ್ತಜಾರ್, ಒಂದು ಮುಂಜಾವು ಕಟ್ಟೆಯ ಮೇಲೆ ನಡೆಯುವಾಗ ತನಗೆ ಹೊಳೆಯಿತು ಎಂದುಬಿಟ್ಟ. ಅದನ್ನು ಓದಿ ನಾನು ಅವನಿಗೆ ಹಿಡಿಶಾಪ ಹಾಕಿದೆ. ಒಟೀಲಿಯಾ ಪತ್ರಿಕೆ ಮಡಿಚಿಟ್ಟಳು.

“ಹೋಗ್ಲಿ ಬಿಡು. ಇನ್ಮೇಲೆ ಯಾರಾದ್ರೂ ಚಿತ್ರ ನಿಲ್ಸಿ ಅಂದ್ರೆ ನಾನು ನಿಲ್ಸಬೇಕಾಗಿಲ್ವಲ್ಲ. ಅದು ಸಿಕ್ಕಿತಲ್ಲ ನಂಗೆ.”

ಹಾಗೆಂದಳು. ಆದರೆ ಟ್ರ್ಯಾಮಿನಲ್ಲಿ ಮನೆಗೆ ಹೋಗುವಾಗ ಕಿಟಕಿಯ ಕಡೆ ಮುಖ ಮಾಡಿ ಕೂತವಳು ಗ್ರಾಸಾ ಬಡಾವಣೆಯ ನಿಲ್ದಾಣ ಬರುವ ತನಕ ನನ್ನತ್ತ ತಿರುಗಲಿಲ್ಲ.

ಅಲ್ಲಿಂದ ಮುಂದೆ ಅವಳು ಎರಡು ಕೆಲಸವನ್ನೂ ಬಿಡಲಿಲ್ಲ. ತನ್ನ ಚಿತ್ರಗಳಿಗೆ ತಾನೇ ನಿರ್ಮಾಪಕಿ, ತಾನೇ ಕಲಾ ನಿರ್ದೇಶಕಿ. ಅವಳು ತನ್ನೊಡನೆಯೇ ಜಗಳ ಆಡುವುದನ್ನು ಕೇಳಬೇಕಿತ್ತು. “ಈ ಕೋಣೆ ಗೋಡೆಗೆ ನಿಜವಾದ ನೀಲಿ ಹೆಂಚು ಬೇಕು ಕಣೇ ಇದಾಲೀನಾ. ಆದ್ರೆ ನಿರ್ಮಾಪಕಿ ಒಪ್ಪಲ್ಲ, ಮಹಾ ಜಿಪುಣಿ” ಎಂದು ನಿಟ್ಟುಸಿರು ಬಿಡುವಳು. ಸಂಜೆಯ ಹೊತ್ತಿಗೆ ನಿರ್ಮಾಪಕಿ ಸೋತಿರುತ್ತಿದ್ದಳು. ಎಷ್ಟೋ ಸಲ ತನ್ನ ಮನೆಯ ಸಾಮಾನನ್ನೇ ಸೆಟ್ಟಿಗೆ ಹೊತ್ತು ತರುತ್ತಿದ್ದಳು. ಔಷಧದಂಗಡಿ ಇಟ್ಟಿದ್ದ ಅವಳ ಗಂಡ ಒಳ್ಳೆಯವನೇ. ಒಂದು ದಿನ ಅಡುಗೆಮನೆಯ ನೆಲದ ಮೇಲೆ ಕೂತು ಊಟ ಮಾಡಿ, “ಕುರ್ಚಿ ವಾಪಸ್ ಬಂದಾಗ ಹೇಳಿ ಕಳ್ಸು, ಬರ್ತೀನಿ” ಎಂದು ತಂಗಿಯ ಮನೆಗೆ ಹೋದ. ಕುರ್ಚಿ ಬರಲಿಲ್ಲ, ಅವನೂ ಬರಲಿಲ್ಲ. ಅದಕ್ಕೆ ಅವಳು ಯಾರನ್ನೂ ದೂರಲಿಲ್ಲ. ತಪ್ಪು ನನ್ನದೇ ಎಂದು ನನ್ನೊಬ್ಬಳಲ್ಲಿ ಮಾತ್ರ ಹೇಳಿಕೊಂಡಳು.

ಯಾರೂ ಹಣ ಹಾಕದ ಹೊಸಬರ ಮೊದಲ ಚಿತ್ರಗಳನ್ನು ಅವಳು ಎತ್ತಿಕೊಂಡಳು. ಅವರಲ್ಲಿ ಎಷ್ಟೋ ಮಂದಿ ಇವತ್ತು ದೊಡ್ಡ ಹೆಸರು. ಅವಳ ಗ್ರಾಸಾದ ಕಚೇರಿಯಲ್ಲಿ ಕಾಫಿ ಕುಡಿಯದವರು ನಮ್ಮ ಸಿನಿಮಾದಲ್ಲಿ ಕಡಿಮೆ.

ಹನ್ನೆರಡು ವರ್ಷದ ಮೇಲೆ ಅದೇ ಕಚೇರಿಯ ಮೆಟ್ಟಿಲು ಹತ್ತಿ ಬಲ್ತಜಾರ್ ಬಂದ. ಸಾಲಾಗಿ ಚಿತ್ರಗಳು ಸೋತಿದ್ದವು. ಉದ್ದ ಕೂದಲು ಉದುರಿತ್ತು, ಮಾತೂ. ಕೈಯಲ್ಲಿ ಹೊಸ ಕತೆ. ನಾನು ಎದ್ದು ಹೋಗಹೊರಟರೆ ಒಟೀಲಿಯಾ ಕಣ್ಣಲ್ಲೇ ಕೂರು ಎಂದಳು. ಅವನೆದುರೇ ಕತೆಯನ್ನು ಪೂರಾ ಓದಿದಳು.

“ಮಾಡೋಣ.”

ಅವನಿಗೆ ನಂಬಿಕೆ ಬರಲಿಲ್ಲ. “ಅಷ್ಟೆಲ್ಲ ಆದ್ಮೇಲೂ?”

“ಕತೆ ಚೆನ್ನಾಗಿದೆ ಬಲ್ತಜಾರ್. ನೀನು ಅಷ್ಟು ಚೆನ್ನಾಗಿಲ್ಲ. ಆದ್ರೆ ತೆರೆ ಮೇಲೆ ಬರೋದು ಕತೆ ತಾನೆ?”

ಅವನು ಕಾಫಿ ಲೋಟ ಕೈಗೆತ್ತಿಕೊಂಡು ಮತ್ತೆ ಕೆಳಗಿಟ್ಟ. ಆಮೇಲೆ, “ಗಫಾನ್ಯದ್ದು...” ಎಂದು ಶುರುಮಾಡಿದ.

“ಅದು ಎತೆಲ್ವೀನಾ ಅತ್ತೇದು. ನಂದೂ ಅಲ್ಲ, ನಿಂದೂ ಅಲ್ಲ. ಕಾಫಿ ಕುಡಿ, ಆರ್ತಾ ಇದೆ.”

ಆ ಚಿತ್ರ ಅವನನ್ನು ಮತ್ತೆ ಎತ್ತಿ ನಿಲ್ಲಿಸಿತು. ಅದರ ಮೊದಲ ಪ್ರದರ್ಶನದಲ್ಲಿ ಬಲ್ತಜಾರ್ ವೇದಿಕೆಗೆ ಬಂದು, ತಾನು ಹಿಂದೆ ಪತ್ರಿಕೆಗಳಿಗೆ ಹೇಳಿದ್ದು ಸುಳ್ಳೆಂದು ಎಲ್ಲರೆದುರು ಒಪ್ಪಿಕೊಂಡ. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಕತ್ತು ಹೊರಳಿಸಿ ಒಟೀಲಿಯಾಳನ್ನು ಹುಡುಕಿದರು. ಅವಳು ಅಲ್ಲಿರಲಿಲ್ಲ. ಅಲೆಂತೆಜೂವಿನಲ್ಲಿ ಹೊಸ ಹುಡುಗಿಯೊಬ್ಬಳ ಚಿತ್ರಕ್ಕೆ ರೈಲು ನಿಲ್ದಾಣ ಕಟ್ಟಿಸುತ್ತಿದ್ದಳು.

ಈಗ ಅವಳಿಗೆ ಎಪ್ಪತ್ತು ದಾಟಿದೆ. ನನಗೆ ಅದಕ್ಕಿಂತ ಒಂದೆರಡು ಜಾಸ್ತಿ. ನಿನ್ನೆ ಮಧ್ಯಾಹ್ನ ಊಟಕ್ಕೆ ಕೂತಿದ್ದಾಗ ಫೋನು ಬಂತು.

“ಇದಾಲೀನಾ, ಸೋಮವಾರ ಬ್ರಗಾನ್ಸಾಗೆ ಹೊರಡ್ಬೇಕು. ಚಿತ್ರದಲ್ಲಿ ಕುರಿ ಕಾಯೋರ ಮದುವೆ ಇದೆ, ಅರವತ್ತು ಜನಕ್ಕೆ ಬಟ್ಟೆ.”

“ನನ್ನ ಮಂಡಿ ನೋವು ನಿಂಗೆ ಗೊತ್ತಿಲ್ವೇನೇ?”

“ಗೊತ್ತು. ಅದಕ್ಕೇ ನಿಂಗೆ ಕೂರೋ ಕೆಲಸ ಇಟ್ಟಿದೀನಿ. ಬೆಟ್ಟದ ಮೇಲೆ ಚಳಿ ಜಾಸ್ತಿಯಂತೆ, ದಪ್ಪ ಕಾಲುಚೀಲ ತಗೊಂಡು ಬಾ. ನಂಗೂ ಒಂದು ಜೊತೆ.”

ಕಾಲುಚೀಲ ಹುಡುಕಿ ತೆಗೆದಿಟ್ಟಿದ್ದೇನೆ.